ಕಪಾಟಿನಲ್ಲಿ ಏಳು ವರ್ಷ

ಪೋಲೆಂಡಿನ ಸಿನಿಮಾ ಮಂದಿ ತಮ್ಮ ಕಷ್ಟದ ದಿನಗಳಲ್ಲಿ ಒಂದು ಪದ ಹುಟ್ಟಿಸಿಕೊಂಡಿದ್ದರು. ಪುವ್ಕೋವ್ನಿಕ್. ಅವರ ಭಾಷೆಯಲ್ಲಿ ಪುವ್ಕಾ ಅಂದರೆ ಕಪಾಟಿನ ಹಲಗೆ. ಕಿವಿಗೆ ಕೇಳಿಸುವಷ್ಟರ ಮಟ್ಟಿಗೆ ಪುವ್ಕೋವ್ನಿಕ್ ಅಂದರೆ ಸೈನ್ಯದ ಕರ್ನಲ್ ಕೂಡ ಹೌದು. ಸರ್ಕಾರ ತೆರೆಗೆ ಬಿಡದೆ ಕಪಾಟಿನೊಳಗಿಟ್ಟು ಬೀಗ ಹಾಕಿದ ಚಿತ್ರಗಳಿಗೆಲ್ಲ ಅವರು ಹೀಗೊಂದು ಪದವಿ ಕೊಟ್ಟಿದ್ದರು. ಹೆಚ್ಚು ಕಾಲ ಬೀಗದೊಳಗಿದ್ದಷ್ಟೂ ಚಿತ್ರದ ಗೌರವ ದೊಡ್ಡದು.

ಬರಹಗಾರನ ಹಸ್ತಪ್ರತಿಯನ್ನು ಮುಟ್ಟುಗೋಲು ಹಾಕಿಕೊಂಡರೆ ಅವನು ಮತ್ತೊಮ್ಮೆ ಬರೆಯಬಹುದು. ನಟಿಗೆ ಆ ಅವಕಾಶವಿಲ್ಲ. ಇಪ್ಪತ್ತೆಂಟರ ಹರೆಯದಲ್ಲಿ ಅವಳ ಮುಖ ಏನು ಹೇಳಿತೋ, ಕೊರಳು ಯಾವ ಎತ್ತರಕ್ಕೆ ಏರಿತೋ, ಅದು ಆ ರೀಲಿನಲ್ಲಿ ಮಾತ್ರ ಇರುತ್ತದೆ. ಕೇಳುಗರೇ, ನಾನು ಈ ಹೊತ್ತು ಮಾತಾಡಲು ಬಂದಿರುವುದು ತನ್ನ ಅತಿ ದೊಡ್ಡ ಕೆಲಸವನ್ನು ಏಳು ವರ್ಷ ಕಪಾಟಿನಲ್ಲಿ ಬಿಟ್ಟು ಬದುಕಬೇಕಾಗಿ ಬಂದ ಒಬ್ಬ ನಟಿಯ ಬಗ್ಗೆ. ಹೆಸರು ಕ್ರಿಸ್ತಿನಾ ಯಾಂದಾ. ರೋಮನ್ ಲಿಪಿಯಲ್ಲಿ ಅದನ್ನು ಕಂಡವರು ಜಾಂಡಾ ಎಂದು ಓದುವುದುಂಟು. ಅವರ ಊರಿನಲ್ಲಿ ಆ ಅಕ್ಷರಕ್ಕೆ ‘ಯ’ ಎಂದೇ ಉಚ್ಚಾರ.

ಹುಟ್ಟಿದ್ದು 1952ರ ಡಿಸೆಂಬರ್ 18ರಂದು, ಸ್ತಾರಾಖೊವೀತ್ಸೆ ಎಂಬ ಕಾರ್ಖಾನೆ ಊರಿನಲ್ಲಿ. ಮೊದಲು ಓದಿದ್ದು ವಾರ್ಸಾದ ಚಿತ್ರಕಲಾ ಶಾಲೆಯಲ್ಲಿ. ಅಲ್ಲಿಂದ ಅದೇ ನಗರದ ನಾಟಕ ವಿದ್ಯಾಲಯಕ್ಕೆ ಹೋಗಿ 1975ರಲ್ಲಿ ಪದವಿ ಪಡೆದರು. ಪೋಲೆಂಡಿನಲ್ಲಿ ಟೆಲಿವಿಷನ್ ರಂಗಭೂಮಿ ಎಂಬುದು ಬಲು ದೊಡ್ಡ ಸಂಪ್ರದಾಯ. ಸೋಮವಾರದ ರಾತ್ರಿ ದೇಶವೇ ಟಿವಿಯ ಮುಂದೆ ಕೂತು ಶೇಕ್ಸ್‌ಪಿಯರನನ್ನೋ ಚೆಕಾಫನನ್ನೋ ನೋಡುತ್ತಿದ್ದ ಕಾಲ ಅದು. ಯಾಂದಾ ಇನ್ನೂ ವಿದ್ಯಾರ್ಥಿನಿಯಾಗಿದ್ದಾಗಲೇ, 1974ರಲ್ಲಿ, ಅಲೆಕ್ಸಾಂದರ್ ಬಾರ್ದೀನಿ ಅವರ ನಿರ್ದೇಶನದ ಚೆಕಾಫನ ‘ಮೂವರು ಸೋದರಿಯರು’ ನಾಟಕದಲ್ಲಿ ಮಾಷಾ ಪಾತ್ರ ಮಾಡಿ ಆ ಪರದೆಯ ಮೇಲೆ ಬಂದರು. ಈ ಬಾರ್ದೀನಿ ಎಂಬ ಹೆಸರು ನೆನಪಿರಲಿ, ಮುಂದೆ ಮತ್ತೆ ಬರುತ್ತದೆ.

ಆಮೇಲೆ ಸಿನಿಮಾ ನಿರ್ದೇಶಕ ಆಂದ್ಝೇಯ್ ವಾಯ್ದಾ ಕರೆದರು.

ವಾಯ್ದಾ ಅವರ ಬಳಿ ಬಹು ಕಾಲದಿಂದ ಒಂದು ಚಿತ್ರಕಥೆ ಬಿದ್ದಿತ್ತು. ಅಲೆಕ್ಸಾಂದರ್ ಶ್ಚೀಬೊರ್-ರಿಲ್ಸ್ಕಿ 1960ರ ದಶಕದ ಆರಂಭದಲ್ಲಿ ಬರೆದದ್ದು. ಸರ್ಕಾರದ ಅನುಮತಿ ಸಿಕ್ಕುವ ಹೊತ್ತಿಗೆ ಹನ್ನೆರಡು ಹದಿಮೂರು ವರ್ಷ ಕಳೆದುಹೋಗಿತ್ತು. ಅದೇ ‘ಅಮೃತಶಿಲೆಯ ಮನುಷ್ಯ’. ಸ್ಟಾಲಿನ್ ಕಾಲದಲ್ಲಿ ಕ್ರಾಕೋವ್ ಪಕ್ಕದಲ್ಲಿ ನೋವಾ ಹೂತಾ ಎಂಬ ಹೊಸ ಉಕ್ಕಿನ ನಗರ ಕಟ್ಟುವಾಗ ಮಾತೆವುಶ್ ಬಿರ್ಕುತ್ ಎಂಬ ಗಾರೆ ಕೆಲಸಗಾರ ಒಂದೇ ಪಾಳಿಯಲ್ಲಿ 30,000ಕ್ಕೂ ಹೆಚ್ಚು ಇಟ್ಟಿಗೆ ಕಟ್ಟಿ ದಾಖಲೆ ಮಾಡುತ್ತಾನೆ. ಅವನ ಅಮೃತಶಿಲೆಯ ಪ್ರತಿಮೆ ಕೆತ್ತುತ್ತಾರೆ, ಗೋಡೆಗಳ ಮೇಲೆ ಅವನ ಚಿತ್ರ ತೂಗುಹಾಕುತ್ತಾರೆ. ಕೆಲವು ವರ್ಷಗಳಲ್ಲಿ ಅವನು ಯಾರಿಗೂ ಬೇಡವಾಗಿ ಕಣ್ಮರೆಯಾಗುತ್ತಾನೆ. ಇಪ್ಪತ್ತು ವರ್ಷ ಕಳೆದ ಮೇಲೆ ಅಗ್ನ್ಯೆಷ್ಕಾ ಎಂಬ ಸಿನಿಮಾ ವಿದ್ಯಾರ್ಥಿನಿ ತನ್ನ ಡಿಪ್ಲೊಮಾ ಚಿತ್ರಕ್ಕಾಗಿ ಅವನ ಜಾಡು ಹಿಡಿದು ಹೊರಡುತ್ತಾಳೆ. ಆ ಅಗ್ನ್ಯೆಷ್ಕಾ ಯಾಂದಾ. ಆಗ ಅವರಿಗೆ ಇಪ್ಪತ್ತಮೂರು.

ಡೆನಿಮ್ ಉಡುಪು, ಹೆಗಲಿಗೆ ದೊಡ್ಡ ಚೀಲ, ಬೆರಳ ಸಂದಿಯಲ್ಲಿ ಸಿಗರೇಟು. ಆ ಹುಡುಗಿ ನಡೆಯುವುದಿಲ್ಲ, ಮುನ್ನುಗ್ಗುತ್ತಾಳೆ. ಟೆಲಿವಿಷನ್ ಕಚೇರಿಯ ಉದ್ದನೆಯ ಪಡಸಾಲೆಯಲ್ಲಿ ಅಧಿಕಾರಿಯೊಬ್ಬ ಅವಳಿಂದ ತಪ್ಪಿಸಿಕೊಳ್ಳಲು ನೋಡುತ್ತಾನೆ, ಅವಳು ಬಿಡುವುದಿಲ್ಲ. ಮ್ಯೂಸಿಯಮ್ಮಿನ ಉಗ್ರಾಣದಲ್ಲಿ, ಬೇಡದ ಪ್ರತಿಮೆಗಳ ನಡುವೆ, ಬಿರ್ಕುತನ ಅಮೃತಶಿಲೆಯ ದೇಹ ಮಲಗಿರುತ್ತದೆ. ಅಲ್ಲಿ ಚಿತ್ರೀಕರಣಕ್ಕೆ ಒಪ್ಪಿಗೆಯಿಲ್ಲ. ಅವಳು ಕ್ಯಾಮೆರಾಮನ್ನನ ಕೈಯಿಂದ ಕ್ಯಾಮೆರಾ ಇಸಿದುಕೊಂಡು, ಪ್ರತಿಮೆಯ ಮೇಲೆಯೇ ಕಾಲು ಚಾಚಿ ಕೂತು, ಮೈಯನ್ನೆಲ್ಲ ಬಗ್ಗಿಸಿ ತಾನೇ ಚಿತ್ರ ತೆಗೆಯುತ್ತಾಳೆ. ಹೆಣ್ಣು ಹೀಗೆ ಕೂರುವುದು, ಹೀಗೆ ಮಾತಾಡುವುದು, ಹೀಗೆ ಹೊಗೆಯೂದುವುದು ಅಂದಿನ ಎಷ್ಟೋ ಪ್ರೇಕ್ಷಕರಿಗೆ ಕಿರಿಕಿರಿ ತಂದಿತು. ಅಭಿನಯ ಅತಿಯಾಯಿತು ಎಂದವರಿದ್ದರು. ನನಗೆ ಹಾಗನ್ನಿಸುವುದಿಲ್ಲ. ಇಪ್ಪತ್ತು ವರ್ಷ ಯಾರೂ ಬಾಯಿಬಿಟ್ಟು ಕೇಳದ ಪ್ರಶ್ನೆಯನ್ನು ಕೇಳಲು ಹೊರಟವಳು ಮೆಲುದನಿಯಲ್ಲಿ ಹೇಗೆ ಕೇಳಿಯಾಳು? ಆ ಒರಟುತನ ಪಾತ್ರದ ಅಂಗವಸ್ತ್ರವಲ್ಲ, ಬೆನ್ನೆಲುಬು.

ಅಗ್ನ್ಯೆಷ್ಕಾಳ ಚಿತ್ರವನ್ನು ಟಿವಿಯವರು ನಿಲ್ಲಿಸುತ್ತಾರೆ, ಕ್ಯಾಮೆರಾ ಕಿತ್ತುಕೊಳ್ಳುತ್ತಾರೆ. ಸೋತು ಅಪ್ಪನ ಮನೆಗೆ ಮರಳುತ್ತಾಳೆ. ಅಪ್ಪ ಸರಳ ಮನುಷ್ಯ. ಕ್ಯಾಮೆರಾ ಇಲ್ಲದಿದ್ದರೇನು, ಆ ಮನುಷ್ಯನಿಗೆ ಏನಾಯಿತೆಂದು ತಿಳಿಯುವ ಆಸೆ ನಿನಗಿಲ್ಲವೇ ಎಂಬರ್ಥದಲ್ಲಿ ಅವನು ಮಗಳನ್ನು ಕೇಳುತ್ತಾನೆ. ಅವಳು ಎದ್ದು ಗ್ದಾನ್ಸ್ಕ್ ಬಂದರಿಗೆ ಹೋಗಿ, ಹಡಗುಕಟ್ಟೆಯಲ್ಲಿ ದುಡಿಯುವ ಬಿರ್ಕುತನ ಮಗನನ್ನು ಹುಡುಕಿ, ಅವನನ್ನು ಕರೆದುಕೊಂಡು ಬಂದು ಅದೇ ಪಡಸಾಲೆಯಲ್ಲಿ ಮತ್ತೆ ಹೆಜ್ಜೆ ಹಾಕುತ್ತಾಳೆ. ಬಿರ್ಕುತ್ ಮತ್ತು ಅವನ ಮಗ, ಎರಡೂ ಪಾತ್ರ ಮಾಡಿದವರು ಯೆಜಿ ರಾಜಿವಿಲೋವಿಚ್. ಚಿತ್ರ 1977ರ ಫೆಬ್ರವರಿಯಲ್ಲಿ ಬಿಡುಗಡೆಯಾಯಿತು. ಆ ವರ್ಷದ ಗ್ದಾನ್ಸ್ಕ್ ಚಿತ್ರೋತ್ಸವದಲ್ಲಿ ಅದಕ್ಕೆ ಅಧಿಕೃತ ಪ್ರಶಸ್ತಿ ಕೊಡುವ ಧೈರ್ಯ ಯಾರಿಗೂ ಇರಲಿಲ್ಲ. ಪತ್ರಕರ್ತರು ಸಭಾಭವನದ ಮೆಟ್ಟಿಲ ಮೇಲೆ ವಾಯ್ದಾ ಅವರಿಗೆ ರಿಬ್ಬನ್ ಕಟ್ಟಿದ ಒಂದು ಇಟ್ಟಿಗೆ ಕೊಟ್ಟರು. ಗಾರೆಯವನ ಕಥೆಗೆ ಇಟ್ಟಿಗೆಗಿಂತ ದೊಡ್ಡ ಪದಕ ಯಾವುದಿದ್ದೀತು!

ನಾಲ್ಕು ವರ್ಷದೊಳಗೆ ಕಥೆ ಬೀದಿಗೆ ಬಂತು. 1980ರ ಆಗಸ್ಟಿನಲ್ಲಿ ಗ್ದಾನ್ಸ್ಕಿನ ಲೆನಿನ್ ಹಡಗುಕಟ್ಟೆಯಲ್ಲಿ ಮುಷ್ಕರ ನಡೆಯಿತು. ನೋಡಲು ಬಂದ ವಾಯ್ದಾ ಅವರಿಗೆ ಕಾರ್ಮಿಕನೊಬ್ಬ, ನಮ್ಮ ಬಗ್ಗೆಯೂ ಚಿತ್ರ ಮಾಡಿ, ‘ಕಬ್ಬಿಣದ ಮನುಷ್ಯ’ ಅಂತ ಹೆಸರಿಡಿ ಎಂದನಂತೆ. ಅವಸರದಲ್ಲಿ ಮಾಡಿದ ಆ ಚಿತ್ರ 1981ರ ಮೇ ತಿಂಗಳಲ್ಲಿ ಕಾನ್ ಉತ್ಸವದಲ್ಲಿ ಚಿನ್ನದ ತಾಳೆಗರಿ ಗೆದ್ದಿತು. ಅಗ್ನ್ಯೆಷ್ಕಾ ಅದರಲ್ಲಿ ಮದುವೆಯಾಗುತ್ತಾಳೆ, ಮದುವೆಗೆ ಬಂದವರಲ್ಲಿ ಮುಷ್ಕರದ ನಾಯಕ ಲೆಕ್ ವಾಲೆಸಾ ತಾವು ತಾವಾಗಿಯೇ ನಿಂತಿದ್ದಾರೆ. ನನ್ನ ಮಟ್ಟಿಗೆ ಇದು ಮೊದಲ ಚಿತ್ರದಷ್ಟು ಗಟ್ಟಿಯಾದದ್ದಲ್ಲ. ಯಾಂದಾ ಇಲ್ಲಿ ಬಂಧನದಲ್ಲಿ ಕೂತು ಕಥೆ ಹೇಳುವವರಾಗಿದ್ದಾರೆ. ಹಿಂದಿನ ಓಟವೆಲ್ಲ ನಿಂತು ಮುಖದಲ್ಲಿ ಒಂದು ತಿಳಿ ಬಂದಿದೆ. ಅದು ಚಂದವೇ, ಆದರೆ ನನಗೆ ಆ ಓಡುವ ಹುಡುಗಿಯದೇ ಹಂಬಲ.

ಅದೇ 1981ರಲ್ಲಿ ಅವರು ಹಂಗೆರಿಯ ಇಸ್ತ್ವಾನ್ ಸಾಬೊ ಅವರ ‘ಮೆಫಿಸ್ಟೊ’ದಲ್ಲೂ ನಟಿಸಿದರು. 1982ರ ಮಾರ್ಚ್ ಕೊನೆಯಲ್ಲಿ ಆಸ್ಕರ್ ಸಮಾರಂಭ ನಡೆದಾಗ ವಿದೇಶಿ ಭಾಷಾ ಚಿತ್ರಗಳ ಐದರ ಪಟ್ಟಿಯಲ್ಲಿ ‘ಮೆಫಿಸ್ಟೊ’ ಇತ್ತು, ‘ಕಬ್ಬಿಣದ ಮನುಷ್ಯ’ವೂ ಇತ್ತು. ಒಬ್ಬಳೇ ನಟಿ, ಎರಡು ದೇಶಗಳ ಚಿತ್ರಗಳಲ್ಲಿ. ಪ್ರಶಸ್ತಿ ‘ಮೆಫಿಸ್ಟೊ’ಗೆ ಹೋಯಿತು. ಆದರೆ ಆ ಹೊತ್ತಿಗೆ ಪೋಲೆಂಡ್ ಸೈನಿಕ ಕಾನೂನಿನಡಿ ಇತ್ತು. 1981ರ ಡಿಸೆಂಬರ್ 13ರ ಭಾನುವಾರ ಬೆಳಿಗ್ಗೆ ಜನ ಏಳುವಷ್ಟರಲ್ಲಿ ಟೆಲಿಫೋನ್ ಸತ್ತಿದ್ದವು, ಬೀದಿಯಲ್ಲಿ ಟ್ಯಾಂಕುಗಳಿದ್ದವು. ಟಿವಿಯಲ್ಲಿ ವಾರ್ತೆ ಓದುವವರು ಸೈನಿಕ ಸಮವಸ್ತ್ರ ತೊಟ್ಟು ಕೂತರು. ದೇಶದ ನಟನಟಿಯರು ಟಿವಿಯನ್ನೂ ಬಾನುಲಿಯನ್ನೂ ಬಹಿಷ್ಕರಿಸಿದರು. ಬಹಿಷ್ಕಾರ ಮುರಿದವರು ರಂಗಕ್ಕೆ ಬಂದರೆ ಪ್ರೇಕ್ಷಕರು ಚಪ್ಪಾಳೆ ನಿಲ್ಲಿಸುತ್ತಲೇ ಇರಲಿಲ್ಲ, ಮಾತು ಆರಂಭಿಸಲು ಬಿಡುತ್ತಲೇ ಇರಲಿಲ್ಲ. ಧ್ವನಿಯನ್ನೇ ನಂಬಿ ಬದುಕುವವರು ಮೈಕಿನ ಮುಂದೆ ನಿಲ್ಲಲಾರೆವು ಎಂದ ಕಥೆಯನ್ನು ನಾನು ಈಗ ಮೈಕಿನ ಮುಂದೆಯೇ ಹೇಳುತ್ತಿದ್ದೇನೆ. ಅದರ ಭಾರ ನನಗೆ ಗೊತ್ತಾಗುತ್ತಿದೆ.

ಇನ್ನು ಕಪಾಟಿಗೆ ಬರೋಣ.

ಸೈನಿಕ ಕಾನೂನು ಬರುವ ಮೊದಲಿನ ಸಡಿಲಿಕೆಯ ತಿಂಗಳುಗಳಲ್ಲಿ ರಿಶಾರ್ದ್ ಬುಗಾಯ್ಸ್ಕಿ ಎಂಬ ನಿರ್ದೇಶಕ ‘ವಿಚಾರಣೆ’ ಎಂಬ ಚಿತ್ರ ತೆಗೆದಿದ್ದರು. ವಾಯ್ದಾ ಅವರ ‘ಎಕ್ಸ್’ ಚಿತ್ರ ಘಟಕ ಅದರ ಹಿಂದಿತ್ತು. ಕಥೆ ನಡೆಯುವುದು 1950ರ ದಶಕದ ಮೊದಲ ವರ್ಷಗಳಲ್ಲಿ. ತೋನ್ಯಾ ಒಬ್ಬ ಹಗುರ ಮನಸ್ಸಿನ ಕ್ಯಾಬರೆ ಹಾಡುಗಾತಿ. ರಾಜಕೀಯ ಗೊತ್ತಿಲ್ಲ, ಬೇಕಾಗಿಯೂ ಇಲ್ಲ. ಒಂದು ರಾತ್ರಿ ಕಾರ್ಯಕ್ರಮ ಮುಗಿದ ಮೇಲೆ ಇಬ್ಬರು ಗಂಡಸರು ಅವಳಿಗೆ ಕುಡಿಸಿ ಗಾಡಿಯಲ್ಲಿ ಕರೆದೊಯ್ಯುತ್ತಾರೆ. ಎಚ್ಚರವಾದಾಗ ಜೈಲಿನಲ್ಲಿದ್ದಾಳೆ. ತನಗೆ ಪರಿಚಯವಿದ್ದ ಸೇನಾಧಿಕಾರಿಯೊಬ್ಬನ ವಿರುದ್ಧ ಸುಳ್ಳು ಹೇಳಿಕೆಗೆ ಸಹಿ ಹಾಕಬೇಕು, ಅಷ್ಟೇ. ಅವಳು ಹಾಕುವುದಿಲ್ಲ.

ಈ ‘ಹಾಕುವುದಿಲ್ಲ’ವನ್ನು ಯಾಂದಾ ಕಟ್ಟುವ ಬಗೆಯನ್ನು ಸ್ವಲ್ಪ ನಿಧಾನವಾಗಿ ಹೇಳುತ್ತೇನೆ. ತೋನ್ಯಾ ವೀರಳಲ್ಲ. ಮೊದಲು ನಗುತ್ತಾಳೆ, ಏನೋ ತಪ್ಪಾಗಿದೆ, ಸಂಜೆಗೆ ಬಿಡುತ್ತಾರೆ ಅಂದುಕೊಳ್ಳುತ್ತಾಳೆ. ಆಮೇಲೆ ಲಲ್ಲೆಗರೆದು ನೋಡುತ್ತಾಳೆ, ಅಳುತ್ತಾಳೆ, ಬೈಯುತ್ತಾಳೆ. ನೀರು ತುಂಬುವ ಕಿರುಕೋಣೆಯಲ್ಲಿ ನಿಲ್ಲಿಸಿದಾಗ ಪ್ರಾಣಿಯಂತೆ ಕಿರುಚುತ್ತಾಳೆ. ಪ್ರತಿ ಸಲವೂ ಅವಳ ಹಿಂದಿನ ಬದುಕಿನ ಒಂದೊಂದು ಪದರ ಕಳಚುತ್ತಾ ಹೋಗುತ್ತದೆ. ಮೊದಲು ಸೊಗಸು, ಆಮೇಲೆ ಭಯ, ಆಮೇಲೆ ಗಂಡನ ಮೇಲಿನ ನಂಬಿಕೆ. ಎಲ್ಲ ಕಳಚಿದ ಮೇಲೆ ತಳದಲ್ಲಿ ಒಂದು ಗಟ್ಟಿ ಕಲ್ಲು ಸಿಗುತ್ತದೆ. ಅದು ಅಲ್ಲಿತ್ತೆಂದು ಅವಳಿಗೇ ಗೊತ್ತಿರಲಿಲ್ಲ. ಸಿದ್ಧಾಂತದ ಬಲವಿಲ್ಲ, ದೇವರ ಬಲವಿಲ್ಲ. ಸುಳ್ಳು ಬರೆದುಕೊಡಲು ಕೈ ಏಳುವುದಿಲ್ಲ, ಅಷ್ಟೇ ಅವಳ ಬಲ. ವಿಚಾರಣಾಧಿಕಾರಿಗಳಾಗಿ ಯಾನೂಶ್ ಗಾಯೋಸ್, ಆದಾಮ್ ಫೆರೆನ್ತ್ಸಿ ಇದ್ದಾರೆ. ಜೊತೆ ಕೈದಿಯಾಗಿ, ಜೈಲಿನಲ್ಲಿದ್ದೂ ಪಕ್ಷ ತಪ್ಪು ಮಾಡುವುದಿಲ್ಲವೆಂದು ನಂಬಿದ ಕಮ್ಯುನಿಸ್ಟ್ ಹೆಂಗಸಾಗಿ, ನಿರ್ದೇಶಕಿ ಅಗ್ನ್ಯೆಷ್ಕಾ ಹಾಲಂಡ್ ಇದ್ದಾರೆ. ಜೈಲಿನಲ್ಲಿಯೇ ತೋನ್ಯಾ ಒಂದು ಮಗುವಿಗೆ ತಾಯಿಯಾಗುತ್ತಾಳೆ. ಮಗುವಿನ ತಂದೆ ಅವಳನ್ನು ವಿಚಾರಣೆ ಮಾಡಿದವರಲ್ಲಿ ಒಬ್ಬ. ಮಗುವನ್ನು ಅನಾಥಾಲಯಕ್ಕೆ ಕೊಂಡೊಯ್ಯುತ್ತಾರೆ. ಫಿಲ್ಮ್ ಸೊಸೈಟಿಯ ಪುಟ್ಟ ಹಾಲಿನಲ್ಲಿ ನಾನು ಈ ಚಿತ್ರ ನೋಡಿದ ದಿನ, ದೀಪ ಹೊತ್ತಿದ ಮೇಲೂ ಯಾರೂ ಕುರ್ಚಿ ಸರಿಸಿದ ಸದ್ದು ಮಾಡಲಿಲ್ಲ.

ಚಿತ್ರದ ಸಂಕಲನ ನಡೆದದ್ದು ಸೈನಿಕ ಕಾನೂನಿನ ಚಳಿಗಾಲದಲ್ಲಿ. 1982ರ ಏಪ್ರಿಲಿನಲ್ಲಿ, ಆಸ್ಕರ್ ರಾತ್ರಿ ಕಳೆದು ಒಂದು ತಿಂಗಳೂ ಆಗಿರಲಿಲ್ಲ, ಸರ್ಕಾರದ ಪರಿಶೀಲನಾ ಮಂಡಳಿ ಅದನ್ನು ನೋಡಿತು. ಸಭೆಯಲ್ಲಿ ಸಿಟ್ಟು ಉಕ್ಕಿ ಹರಿಯಿತು. ಅಲ್ಲಿ ಆಡಿದ ಮಾತುಗಳ ದಾಖಲೆ ಹೊರಬಿದ್ದು ಭೂಗತ ಮುದ್ರಣದಲ್ಲಿ ಹಂಚಿಹೋಯಿತು. ಚಿತ್ರಕ್ಕೆ ನಿಷೇಧ ಬಿತ್ತು, ಮರುವರ್ಷ ‘ಎಕ್ಸ್’ ಘಟಕವನ್ನೇ ಮುಚ್ಚಿದರು. ಬುಗಾಯ್ಸ್ಕಿ ಅಷ್ಟರೊಳಗೆ ಒಂದು ಪ್ರತಿಯನ್ನು ವಿಡಿಯೊ ಟೇಪಿಗೆ ಇಳಿಸಿ ಬಚ್ಚಿಟ್ಟಿದ್ದರು. ಆ ಟೇಪಿನಿಂದ ಟೇಪಿಗೆ ನಕಲಾಗುತ್ತಾ, ಪ್ರತಿ ನಕಲಿಗೂ ಬಿಂಬ ಇನ್ನಷ್ಟು ಮಸುಕಾಗುತ್ತಾ, ಚಿತ್ರ ಮನೆಯಿಂದ ಮನೆಗೆ ಹೋಯಿತು. ಪರದೆ ಇಳಿಬಿಟ್ಟ ಕೋಣೆಗಳಲ್ಲಿ ಜನ ಕೂತು ನೋಡಿದರು. ನಿರ್ದೇಶಕ 1985ರಲ್ಲಿ ಕೆನಡಾಕ್ಕೆ ವಲಸೆ ಹೋದರು. ನಟಿ ಅಲ್ಲೇ ಉಳಿದರು.

ಉಳಿದವರು ಏನು ಮಾಡಿದರು? ಕೆಲಸ ಮಾಡಿದರು. ವಾರ್ಸಾದ ಅತೆನೇವುಮ್ ರಂಗಮಂದಿರದಲ್ಲಿ 1987ರಲ್ಲಿ ಅಗ್ನ್ಯೆಷ್ಕಾ ಓಸ್ಯೆತ್ಸ್ಕಾ ಬರೆದ ‘ಬಿಳಿ ರವಿಕೆ’ಯನ್ನು ಒಬ್ಬರೇ ನಿಂತು ಆಡಿದರು. ಟಿವಿಗಾಗಿ ಕ್ಷಿಶ್ತೋಫ್ ಕ್ಯೆಶ್ಲೋಫ್‌ಸ್ಕಿ ‘ದೇಕಾಲೋಗ್’ ಮಾಡುತ್ತಿದ್ದರು. ವಾರ್ಸಾದ ಒಂದೇ ವಸತಿ ಸಮುಚ್ಚಯದಲ್ಲಿ ನಡೆಯುವ ಹತ್ತು ಕಥೆಗಳು. ಎರಡನೆಯದರಲ್ಲಿ ಯಾಂದಾ ದೊರೊತಾ ಎಂಬ ಪಿಟೀಲು ವಾದಕಿ. ಗಂಡ ಆಸ್ಪತ್ರೆಯಲ್ಲಿ ಸಾವಿನಂಚಿನಲ್ಲಿದ್ದಾನೆ, ಅವಳ ಹೊಟ್ಟೆಯಲ್ಲಿ ಇನ್ನೊಬ್ಬನ ಮಗು ಇದೆ. ಗಂಡ ಉಳಿಯುತ್ತಾನೋ ಇಲ್ಲವೋ ಎಂದು ಅದೇ ಕಟ್ಟಡದ ಮುದಿ ಡಾಕ್ಟರನ್ನು ಕೇಳಲು ಬರುತ್ತಾಳೆ. ಅವನು ಸತ್ತರೆ ಮಗು ಉಳಿಯಬಹುದು, ಅವನು ಬದುಕಿದರೆ ಮಗು ಇರುವ ಹಾಗಿಲ್ಲ. ಆ ಮುದಿ ಡಾಕ್ಟರು ಯಾರೆಂದಿರಿ? ಹದಿಮೂರು ಹದಿನಾಲ್ಕು ವರ್ಷ ಹಿಂದೆ ಅವರನ್ನು ಮೊದಲು ಟಿವಿಗೆ ತಂದ ಬಾರ್ದೀನಿ. ಗುರು ಮತ್ತು ಶಿಷ್ಯೆ ಮೆಟ್ಟಿಲ ಬಳಿ ಎದುರುಬದುರಾಗಿ ನಿಂತಿದ್ದಾರೆ. ಅಗ್ನ್ಯೆಷ್ಕಾಳ ಅಬ್ಬರವಿಲ್ಲ, ತೋನ್ಯಾಳ ಕೂಗಿಲ್ಲ. ಕಿಟಕಿಯ ಪಕ್ಕದ ಗಿಡದ ಎಲೆಗಳನ್ನು ಒಂದೊಂದಾಗಿ ಕಿತ್ತು, ಆಮೇಲೆ ಆ ದಂಟನ್ನು ಹಿಂಡಿ ಬಗ್ಗಿಸುತ್ತಾಳೆ. ದಂಟು ಮುರಿಯದೆ ಮೆಲ್ಲಗೆ ಮೇಲೇಳಲು ನೋಡುತ್ತದೆ. ಅಷ್ಟೇ ದೃಶ್ಯ. ಟಿವಿಯ ಸಣ್ಣ ಚೌಕಟ್ಟಿಗೆ ಎಷ್ಟು ಸಾಕು ಎಂದು ಬಲ್ಲ ನಟಿ ಮಾತ್ರ ಅದನ್ನು ಮಾಡಬಲ್ಲಳು.

ಅದೇ ಹೊತ್ತಿಗೆ ‘ಮೊಜೆಯೆಫ್‌ಸ್ಕಾ’ ಎಂಬ ಏಳು ಕಂತುಗಳ ಧಾರಾವಾಹಿಯಲ್ಲಿ ಹತ್ತೊಂಬತ್ತನೆಯ ಶತಮಾನದ ಮಹಾನಟಿ ಹೆಲೆನಾ ಮೊಜೆಯೆಫ್‌ಸ್ಕಾ ಆದರು. ಕ್ರಾಕೋವಿನಲ್ಲಿ ಹುಟ್ಟಿ, 1876ರಲ್ಲಿ ಅಮೆರಿಕಕ್ಕೆ ವಲಸೆ ಹೋಗಿ, ಇಂಗ್ಲಿಷ್ ಕಲಿತು ಅಲ್ಲಿ ಶೇಕ್ಸ್‌ಪಿಯರನ ನಾಯಕಿಯರನ್ನು ಆಡಿ ಹೆಸರಾದವರು ಅವರು. ದೇಶ ಬಿಡದ ನಟಿ ದೇಶ ಬಿಟ್ಟ ನಟಿಯ ಬಾಳನ್ನು ಮನೆಮನೆಯ ಪರದೆಗೆ ತಂದರು.

ಕಮ್ಯುನಿಸ್ಟ್ ಆಡಳಿತ ಮುಗಿದ ಮೇಲೆ, 1989ರ ಡಿಸೆಂಬರ್ 13ರಂದು, ಸೈನಿಕ ಕಾನೂನು ಬಂದ ದಿನಕ್ಕೆ ಸರಿಯಾಗಿ ಎಂಟು ವರ್ಷಕ್ಕೆ, ‘ವಿಚಾರಣೆ’ ಪೋಲೆಂಡಿನ ಚಿತ್ರಮಂದಿರಗಳಿಗೆ ಬಂತು. 1990ರ ಮೇ ತಿಂಗಳಲ್ಲಿ ಕಾನ್ ಉತ್ಸವ ಯಾಂದಾ ಅವರಿಗೆ ಶ್ರೇಷ್ಠ ನಟಿ ಪ್ರಶಸ್ತಿ ಕೊಟ್ಟಿತು. ವೇದಿಕೆಯ ಮೇಲೆ ಪ್ರಶಸ್ತಿ ತೆಗೆದುಕೊಂಡವರಿಗೆ ಮೂವತ್ತೇಳು, ತೆರೆಯ ಮೇಲೆ ಅದನ್ನು ಗಳಿಸಿದವಳಿಗೆ ಇಪ್ಪತ್ತೆಂಟು. ನಡುವೆ ಎಷ್ಟು ಪಾತ್ರಗಳು ಅವರನ್ನು ಹುಡುಕಿಕೊಂಡು ಬರಬಹುದಿತ್ತೋ, ಅವು ಬರಲಿಲ್ಲ. ಕದ್ದ ಹಣವನ್ನು ಬಡ್ಡಿ ಸಮೇತ ಹಿಂದಿರುಗಿಸಬಹುದು. ನಟಿಯ ಹರೆಯಕ್ಕೆ ಅಂಥ ಲೆಕ್ಕವಿಲ್ಲ. ಇದನ್ನು ನೆನೆದಾಗಲೆಲ್ಲ ನನಗೆ ಸಂಕಟವಾಗುತ್ತದೆ.

ಸ್ವಾತಂತ್ರ್ಯ ಬಂದ ಮೇಲೆ ಅವರು 1995ರಲ್ಲಿ ‘ಪೆಸ್ತ್ಕಾ’ ಎಂಬ ಚಿತ್ರ ನಿರ್ದೇಶಿಸಿದರು. ಅದಕ್ಕಿಂತ ಮುಖ್ಯವೆಂದು ನನಗೆ ಕಾಣುವುದು 1990ರಲ್ಲಿ ಶುರುಮಾಡಿದ ‘ಶರ್ಲಿ ವ್ಯಾಲೆಂಟೈನ್’. ಅಡುಗೆಮನೆಯಲ್ಲಿ ಮೊಟ್ಟೆ ಆಲೂಗಡ್ಡೆ ಕರಿಯುತ್ತಾ ಗೋಡೆಯೊಂದಿಗೆ ಮಾತಾಡುವ ಗೃಹಿಣಿಯ ಏಕವ್ಯಕ್ತಿ ನಾಟಕ ಅದು. ಮೂವತ್ತು ವರ್ಷ ದಾಟಿದರೂ ಆಡುವುದನ್ನು ಬಿಡಲಿಲ್ಲ.

ಈ ಕಥೆಯಲ್ಲಿ ಇನ್ನೊಂದು ಹೆಸರು ಇಷ್ಟು ಹೊತ್ತೂ ಕ್ಯಾಮೆರಾದ ಹಿಂದೆಯೇ ಇತ್ತು. ಎದ್ವಾರ್ದ್ ಕ್ವೊಶಿನ್‌ಸ್ಕಿ. ‘ಅಮೃತಶಿಲೆಯ ಮನುಷ್ಯ’ಕ್ಕೂ ‘ಕಬ್ಬಿಣದ ಮನುಷ್ಯ’ಕ್ಕೂ ಅವರೇ ಛಾಯಾಗ್ರಾಹಕರು. ಓಡುವ ಆ ಹುಡುಗಿಯ ಹಿಂದೆ ಕ್ಯಾಮೆರಾ ಓಡಿಸಿದವರು ಮುಂದೆ ಅವಳ ಬಾಳಸಂಗಾತಿಯಾದರು. 2007ರಲ್ಲಿ ವಾಯ್ದಾ ಯಾರೊಸ್ವಾವ್ ಇವಾಷ್ಕ್ಯೇವಿಚ್ ಅವರ ‘ತತಾರಾಕ್’ ಎಂಬ ಕಥೆಯನ್ನು ಯಾಂದಾ ಅವರಿಗಾಗಿ ಚಿತ್ರ ಮಾಡಲು ಹೊರಟಾಗ ಕ್ವೊಶಿನ್‌ಸ್ಕಿ ಅವರಿಗೆ ಕ್ಯಾನ್ಸರ್ ಎಂದು ತಿಳಿಯಿತು. ಯಾಂದಾ ಪಾತ್ರ ಬಿಟ್ಟು ಗಂಡನ ಪಕ್ಕದಲ್ಲಿ ಕೂತರು. ವಾಯ್ದಾ ಬೇರೆ ನಟಿಯನ್ನು ಹುಡುಕದೆ ಕಾದರು. 2008ರ ಜನವರಿಯಲ್ಲಿ ಕ್ವೊಶಿನ್‌ಸ್ಕಿ ತೀರಿಕೊಂಡರು.

ತತಾರಾಕ್ ಅಂದರೇನು ಗೊತ್ತೇ, ಕೇಳುಗರೇ? ಅದು ನಮ್ಮ ಬಜೆ. ಬಾಣಂತಿ ಕೋಣೆಯಲ್ಲಿ ಅಜ್ಜಿ ಕಲ್ಲಿನ ಮೇಲೆ ತೇಯ್ದು, ಮಗುವಿಗೆ ಮಾತು ಚೆನ್ನಾಗಿ ಬರಲಿ ಎಂದು ನಾಲಿಗೆಗೆ ಸವರುವ ಅದೇ ಬಜೆ. ಅಲ್ಲಿ ಕೆರೆ ಹೊಳೆಗಳ ಅಂಚಿನಲ್ಲಿ ಬೆಳೆಯುತ್ತದೆ, ಬೇಸಿಗೆ ಮೊದಲಿನ ಹಬ್ಬದಲ್ಲಿ ಅದರ ಎಲೆಗಳಿಂದ ಮನೆ ಸಿಂಗರಿಸುತ್ತಾರೆ. ಎಲೆ ಉಜ್ಜಿದರೆ ಹಸಿರು ಪರಿಮಳ, ಅದರ ಅಡಿಯಲ್ಲೇ ಕೆಸರಿನ, ಕೊಳೆಯುವ ನೀರಿನ ವಾಸನೆ. ಕಥೆಯಲ್ಲಿ ಮಾರ್ತಾ ಎಂಬ ಡಾಕ್ಟರನ ಹೆಂಡತಿಗೆ ತಾನು ಸಾಯುತ್ತಿರುವುದು ಗೊತ್ತಿಲ್ಲ. ಅವಳಿಗೆ ಬಜೆ ಕಿತ್ತು ತರಲು ನೀರಿಗಿಳಿದ ಎಳೆಯ ಹುಡುಗ ಮುಳುಗಿಹೋಗುತ್ತಾನೆ.

ಯಾಂದಾ ಮರಳಿ ಬಂದಾಗ ತಾವೇ ಬರೆದ ಕೆಲವು ಪುಟಗಳನ್ನು ವಾಯ್ದಾ ಅವರಿಗೆ ಕೊಟ್ಟರು. ಗಂಡನ ಕೊನೆಯ ದಿನಗಳ ನೆನಪು ಅವು. ವಾಯ್ದಾ ಅದನ್ನು ಚಿತ್ರದೊಳಗೇ ಸೇರಿಸಿದರು. ಒಂದು ಹೋಟೆಲ್ ಕೋಣೆ, ಹಾಸಿಗೆ, ಕಿಟಕಿ, ಅರೆಗತ್ತಲು. ಕ್ಯಾಮೆರಾ ಕದಲುವುದಿಲ್ಲ. ಮುಖಕ್ಕೆ ಹತ್ತಿರ ಹೋಗುವುದಿಲ್ಲ. ಅವರು ಅತ್ತಿತ್ತ ನಡೆಯುತ್ತಾ, ಕೆಲವೊಮ್ಮೆ ಚೌಕಟ್ಟಿನ ಹೊರಗೇ ಹೋಗಿ, ಡಾಕ್ಟರುಗಳ ಮಾತು, ಆಸ್ಪತ್ರೆ, ಕೊನೆಯ ರಾತ್ರಿ, ಎಲ್ಲವನ್ನೂ ಸಾದಾ ದನಿಯಲ್ಲಿ ಹೇಳುತ್ತಾರೆ. ಮೂವತ್ತು ವರ್ಷಗಳ ಕಾಲ ಅವರ ಮುಖಕ್ಕೆ ಬೆಳಕು ಕೊಟ್ಟವರು ಇಲ್ಲ. ಹಾಗಾಗಿ ಇಲ್ಲಿ ಬೆಳಕೇ ಕಡಿಮೆ ಎಂದು ನಾನು ಅಂದುಕೊಳ್ಳುತ್ತೇನೆ. ಚಿತ್ರಕ್ಕೆ 2009ರಲ್ಲಿ ಬರ್ಲಿನ್ ಉತ್ಸವದ ಆಲ್ಫ್ರೆಡ್ ಬಾವರ್ ಪ್ರಶಸ್ತಿ ಬಂತು. ಹತ್ತು ವರ್ಷಕ್ಕೆ, 2019ರಲ್ಲಿ, ‘ದೋಲ್ಚೆ ಫೀನೆ ಜೊರ್ನಾತಾ’ ಚಿತ್ರದ ವೃದ್ಧ ಕವಯಿತ್ರಿಯ ಪಾತ್ರಕ್ಕೆ ಅಮೆರಿಕದ ಸನ್‌ಡ್ಯಾನ್ಸ್ ಉತ್ಸವ ಅಭಿನಯಕ್ಕಾಗಿ ವಿಶೇಷ ತೀರ್ಪುಗಾರರ ಬಹುಮಾನ ಕೊಟ್ಟಿತು.

ಕ್ವೊಶಿನ್‌ಸ್ಕಿ ಬದುಕಿದ್ದಾಗ ಇಬ್ಬರೂ ಸೇರಿ ಇನ್ನೊಂದು ಕೆಲಸ ಮಾಡಿದ್ದರು. 2004ರಲ್ಲಿ ಒಂದು ಪ್ರತಿಷ್ಠಾನ ಕಟ್ಟಿ, ವಾರ್ಸಾದ ಮಾರ್ಷಾವ್ಕೋಫ್‌ಸ್ಕಾ ಬೀದಿಯ ‘ಪೊಲೋನ್ಯಾ’ ಎಂಬ ಹಳೆಯ ಸಿನಿಮಾ ಥಿಯೇಟರನ್ನು ನಾಟಕಶಾಲೆ ಮಾಡಿದರು. ರಂಗಭೂಮಿಯೆಂದರೆ ಸರ್ಕಾರದ ಅನುದಾನವೆಂದೇ ಬಗೆದಿದ್ದ ದೇಶದಲ್ಲಿ ಅದು ಖಾಸಗಿ ರಂಗಮಂದಿರ. 2005ರ ಅಕ್ಟೋಬರಿನಲ್ಲಿ ಬಾಗಿಲು ತೆರೆಯಿತು. 2010ರಲ್ಲಿ ಓಖೋತಾ ಬಡಾವಣೆಯ ಇನ್ನೊಂದು ಹಳೆಯ ಸಿನಿಮಾ ಮಂದಿರ ‘ಓಖ್’ ರಂಗಮಂದಿರವಾಯಿತು. ಏಳು ವರ್ಷ ತನ್ನ ಚಿತ್ರಕ್ಕೆ ಬೀಗ ಬಿದ್ದದ್ದನ್ನು ಕಂಡವರು ಈಗ ಎರಡು ಬಾಗಿಲುಗಳ ಬೀಗದ ಕೈಯನ್ನು ತಾವೇ ಇಟ್ಟುಕೊಂಡರು. ಪೊಲೋನ್ಯಾದಲ್ಲಿ 2012ರಿಂದ ‘ದಾನುತಾ ವ.’ ಎಂಬ ಏಕವ್ಯಕ್ತಿ ನಾಟಕ ಆಡಿದರು. ಲೆಕ್ ವಾಲೆಸಾ ಅವರ ಹೆಂಡತಿ ದಾನುತಾ ಬರೆದ ಆತ್ಮಕಥೆಯಿಂದ ಕಟ್ಟಿದ್ದು. ಎಂಟು ಮಕ್ಕಳನ್ನು ಹೆತ್ತು ಸಾಕಿದ, 1983ರಲ್ಲಿ ಗಂಡನ ನೊಬೆಲ್ ಪ್ರಶಸ್ತಿಯನ್ನು ಓಸ್ಲೋಗೆ ಹೋಗಿ ಪಡೆದು ತಂದ ಹೆಂಗಸು ಅವರು. ‘ಕಬ್ಬಿಣದ ಮನುಷ್ಯ’ದಲ್ಲಿ ಅಗ್ನ್ಯೆಷ್ಕಾಳ ಮದುವೆಗೆ ಬಂದಿದ್ದವರ ಮನೆಯೊಳಗಿನ ಕಥೆಯನ್ನು ಮೂವತ್ತು ವರ್ಷ ಕಳೆದ ಮೇಲೆ ಅದೇ ಅಗ್ನ್ಯೆಷ್ಕಾ ಹೇಳಿದಂತಾಯಿತು.

ಪೊಲೋನ್ಯಾದಿಂದ ಕೆಲವು ಹೆಜ್ಜೆ ನಡೆದರೆ ಸಂವಿಧಾನ ಚೌಕ ಸಿಗುತ್ತದೆ. 1950ರ ದಶಕದ ಆರಂಭದಲ್ಲಿ ಕಟ್ಟಿದ್ದು. ಅಲ್ಲಿನ ಕಟ್ಟಡಗಳ ಗೋಡೆಯಲ್ಲಿ ಕಲ್ಲಿನ ಕಾರ್ಮಿಕರು ನಿಂತಿದ್ದಾರೆ, ಬಿರ್ಕುತನ ಅಣ್ಣತಮ್ಮಂದಿರಂತೆ, ಎದೆಯುಬ್ಬಿಸಿ. ಬೇಸಿಗೆ ಬಂದರೆ ಯಾಂದಾ ಅವರ ತಂಡ ಆ ಚೌಕದಲ್ಲಿ ಬಯಲು ನಾಟಕ ಆಡುತ್ತದೆ. ಟಿಕೆಟ್ ಇಲ್ಲ. ಕುರ್ಚಿ ಸಿಕ್ಕವರು ಕೂರುತ್ತಾರೆ, ಸಿಗದವರು ನಿಲ್ಲುತ್ತಾರೆ. ಟ್ರಾಮ್ ಹಾದುಹೋಗುವಾಗ ನಟರು ದನಿ ಏರಿಸುತ್ತಾರೆ.